ಡಾಕ್ಟರು ಬರೆದದ್ದು ಶೇ. 24, ಆದರೆ ಅಡಿಕೆ ಮರ ಹತ್ತಲಿಕ್ಕೇ ಆಗುವುದಿಲ್ಲ. ಪರಿಹಾರದ ಲೆಕ್ಕ ಹೇಗೆ?

ಎಣ್ಮಕಜೆಯವಳು:
ನಮಸ್ಕಾರ. ಕೋರ್ಟು ವಿಷಯ ಗೊತ್ತಿರುವವರು ದಯವಿಟ್ಟು ಹೇಳಿ. ನಮ್ಮವರಿಗೆ 38 ವರ್ಷ. ಅಡಿಕೆ ಕೊನೆ ಕೊಯ್ಯುವುದು, ಮಳೆಗಾಲದಲ್ಲಿ ಮದ್ದು ಬಿಡುವುದು ಅವರ ಕೆಲಸ. ಅಡ್ಯನಡ್ಕದ ಹತ್ತಿರ ಪಿಕಪ್ಪೊಂದು ಹಿಂದಿನಿಂದ ಬಂದು ಬೈಕಿಗೆ ಗುದ್ದಿತು. ಬಲಗಾಲಿನ ಮೂಳೆ ಮೊಣಕಾಲಿನ ಕೆಳಗೆ ಮುರಿದು ರಾಡ್ ಹಾಕಿದ್ದಾರೆ. ಕೇಸು ಕಾಸರಗೋಡಿನಲ್ಲೇ ಹಾಕಿದ್ದೇವೆ. ಮೆಡಿಕಲ್ ಬೋರ್ಡಿನವರು ಕಾಲಿನ ಅಂಗವೈಕಲ್ಯ ಶೇ. 24 ಎಂದು ಬರೆದರು. ಇನ್ಶೂರೆನ್ಸಿನವರು ಹೇಳುವುದು, ಅದು ಕಾಲಿಗೆ ಮಾತ್ರ, ಇಡೀ ದೇಹಕ್ಕೆ ಅದರ ಮೂರನೇ ಒಂದು ಪಾಲು, ಅಂದರೆ ಶೇ. 8, ಅಷ್ಟಕ್ಕೆ ಲೋಕ ಅದಾಲತ್ತಿನಲ್ಲಿ ರಾಜಿ ಮಾಡಿ ಮುಗಿಸುವ ಅಂತ.

ಇವರು ನಡೆಯುತ್ತಾರೆ, ಪೆರ್ಲ ಪೇಟೆಗೆ ಹೋಗಿ ಬರುತ್ತಾರೆ, ಇಲ್ಲ ಎನ್ನುವುದಿಲ್ಲ. ಆದರೆ ಪಾದ ಮೊದಲಿನ ಹಾಗೆ ಒಳಗಡೆಗೆ ತಿರುಗುವುದಿಲ್ಲ. ಮರ ಹತ್ತುವುದನ್ನು ನೋಡಿದವರಿಗೆ ಗೊತ್ತು, ಎರಡೂ ಪಾದಕ್ಕೆ ತಳೆ (ಬಳೆಯ ಹಾಗೆ ಕಟ್ಟಿದ ಹಗ್ಗ) ಹಾಕಿ, ಅಂಗಾಲಲ್ಲಿ ಮರವನ್ನು ಅಮುಕಿ ಹಿಡಿದು ಮೈಯನ್ನು ಮೇಲೆತ್ತಬೇಕು. ಕೊಡಿಗೆ ಹೋದ ಮೇಲೆ ಇಳಿಯದೆ ಪಕ್ಕದ ಮರಕ್ಕೆ ದಾಟಬೇಕು. ಮೊನ್ನೆ ಮನೆ ಹಿಂದಿನ ಮರಕ್ಕೆ ತಳೆ ಹಾಕಿ ನೋಡಿದರು. ಆಳೆತ್ತರ ಏರುವ ಮೊದಲೇ ಬಲಗಾಲು ಜಾರಿತು. ಈಗ ಮನೆ ನಡೆಯುವುದು ನಾನು ಕಟ್ಟುವ ಬೀಡಿಯಿಂದ. ಸಂಬಳದ ಚೀಟಿ ಎಂಬುದು ಈ ಕೆಲಸಕ್ಕೆ ಎಲ್ಲಿಂದ ಬರಬೇಕು? ಶೇ. 8ಕ್ಕೆ ಸಹಿ ಹಾಕುವುದೇ ಗತಿಯಾ?

ಬದಿಯಡ್ಕ ಗುಮಾಸ್ತ:
ಅಕ್ಕ, ಸಹಿ ಹಾಕುವ ಮೊದಲು ನಿಮ್ಮ ವಕೀಲರ ಹತ್ತಿರ ಕೂತು ಮಾತಾಡಿ. ಅದಾಲತ್ತಿನಲ್ಲಿ ಒಪ್ಪಿಕೊಂಡರೆ ಅದರ ಮೇಲೆ ಅಪೀಲು ಇಲ್ಲ. ಟ್ರಿಬ್ಯೂನಲ್ (ಅಪಘಾತ ಪರಿಹಾರದ ಕೇಸು ನಡೆಸುವ ಕೋರ್ಟು) ಕೊಟ್ಟ ತೀರ್ಪು ಕಡಿಮೆಯಾಯಿತು ಅನಿಸಿದರೆ 90 ದಿನದೊಳಗೆ ಎರ್ನಾಕುಳಂ ಹೈಕೋರ್ಟಿಗೆ ಹೋಗಬಹುದು.

ಡಾಕ್ಟರು ಹೇಳುವುದು ದೇಹಕ್ಕಾದ ಊನ ಎಷ್ಟು ಎಂದು. ಅದರಿಂದ ದುಡಿಮೆ ಎಷ್ಟು ಹೋಯಿತು ಎಂದು ನಿರ್ಧರಿಸುವುದು ಟ್ರಿಬ್ಯೂನಲ್. ರಾಜ್ ಕುಮಾರ್ ಮತ್ತು ಅಜಯ್ ಕುಮಾರ್ ಕೇಸಿನಲ್ಲಿ ಸುಪ್ರೀಂ ಕೋರ್ಟು 2010ರಲ್ಲೇ ಇದನ್ನು ಬಿಡಿಸಿ ಹೇಳಿದೆ. ಎಡಗೈ ಹೋದವನು ಡ್ರೈವರೋ ಬಡಗಿಯೋ ಆಗಿದ್ದರೆ ದುಡಿಮೆಯ ನಷ್ಟ ಹೆಚ್ಚುಕಡಿಮೆ ಪೂರ್ತಿ. ಸರಕಾರಿ ಗುಮಾಸ್ತನಾಗಿ ಕೆಲಸ ಉಳಿದರೆ ಹಾಗಲ್ಲ.

ಲೆಕ್ಕ ನೋಡಿ. ತಿಂಗಳಿಗೆ 15,000 ಎಂದು ಹಿಡಿಯುವ. 38 ವರ್ಷಕ್ಕೆ ಸರಳಾ ವರ್ಮಾ ತೀರ್ಪಿನ (2009) ಪಟ್ಟಿ ಪ್ರಕಾರ ಗುಣಕ 15. ವರ್ಷಕ್ಕೆ 1,80,000, ಗುಣಿಸಿದರೆ 27 ಲಕ್ಷ. 40ರ ಒಳಗಿನ ಸ್ವಂತ ದುಡಿಮೆಯವರಿಗೆ ಮುಂದಿನ ಏರಿಕೆ ಎಂದು ಶೇ. 40 ಸೇರಿಸಬೇಕು (ಪ್ರಣಯ್ ಸೇಠಿ, 2017), ಅದು ಗಾಯಾಳುಗಳಿಗೂ ಸಲ್ಲುತ್ತದೆ (ಪಪ್ಪು ದೇವ್ ಯಾದವ್, 2020). ಒಟ್ಟು 37,80,000. ಇದರ ಶೇ. 8 ಅಂದರೆ 3,02,400. ಟ್ರಿಬ್ಯೂನಲ್ ಶೇ. 60 ಎಂದು ಒಪ್ಪಿದರೆ 22,68,000. ಅರುವತ್ತು ನಾನು ಉದಾಹರಣೆಗೆ ಹಿಡಿದದ್ದು, ಸಿಕ್ಕಿಯೇ ಸಿಗುತ್ತದೆ ಎಂದಲ್ಲ. ಆಸ್ಪತ್ರೆ ಖರ್ಚು, ನೋವಿಗೆ ಕೊಡುವುದು, ಮಲಗಿದ್ದ ತಿಂಗಳುಗಳ ದುಡಿಮೆ, ಬಡ್ಡಿ, ಇವೆಲ್ಲ ಬೇರೆ.

ಮುಳ್ಳೇರಿಯ ತೋಟ:
ತಂಗೀ, ಚೀಟಿ ಇಲ್ಲ ಎಂದು ಹೆದರಬೇಡ. ಕರ್ನಾಟಕದ ಸೈಯದ್ ಸಾದಿಕ್ ಎಂಬವರು ತರಕಾರಿ ಮಾರುತ್ತಿದ್ದವರು, ಕಾಲು ಹೋಯಿತು. ತರಕಾರಿ ಮಾರುವವನ ಹತ್ತಿರ ಆದಾಯದ ದಾಖಲೆ ಕೇಳುವುದು ಸರಿಯಲ್ಲ ಎಂದು 2014ರಲ್ಲಿ ಸುಪ್ರೀಂ ಕೋರ್ಟು ತಿಂಗಳಿಗೆ 6,500 ಹಿಡಿದು, ದುಡಿಮೆ ನಷ್ಟ ಶೇ. 85 ಎಂದಿತು.

ನಿಮ್ಮವರು ಯಾರ ತೋಟಕ್ಕೆಲ್ಲ ಹೋಗುತ್ತಿದ್ದರೋ ಅವರನ್ನು ಸಾಕ್ಷಿಗೆ ಕರೆಯಿರಿ. ನಮ್ಮಂಥವರ ಮನೆಯಲ್ಲಿ ಯಾವ ದಿನ ಯಾರು ಕೊಯ್ಲಿಗೆ ಬಂದರು, ಎಷ್ಟು ಕೊಟ್ಟೆವು ಎಂದು ಬರೆದಿಡುವ ಪುಸ್ತಕ ಇರುತ್ತದೆ, ಅದನ್ನೂ ತರಲಿ. ತೆಂಗು ಅಭಿವೃದ್ಧಿ ಮಂಡಳಿಯ ಮರ ಹತ್ತುವ ತರಬೇತಿ ಪಡೆದಿದ್ದರೆ ಆ ಸರ್ಟಿಫಿಕೇಟೂ ಬೇಕಾಗುತ್ತದೆ. ಮುಖ್ಯ, ಡಾಕ್ಟರನ್ನು ವಿಚಾರಣೆಗೆ ಕರೆಸಿ. ಬರೀ ಶೇಕಡ ಕೇಳಿ ಬಿಡಬಾರದು. ವಕೀಲರು ಆ ತಳೆಯನ್ನೇ ತೋರಿಸಿ, ಈ ಪಾದದಲ್ಲಿ ಇದನ್ನು ಹಾಕಿ ಮರ ಹತ್ತಲಿಕ್ಕೆ ಆಗುತ್ತದಾ ಎಂದು ಕೇಳಲಿ. ಅವರು ಆಗುವುದಿಲ್ಲ ಎಂದರೆ ಆ ಮಾತು ದಾಖಲಾಗುತ್ತದೆ.

ಒಂದು ಎಚ್ಚರ. ಕೆಳಗೆ ಕೂತು ಅಡಿಕೆ ಸುಲಿಯಬಹುದಲ್ಲ ಎಂದು ಆ ಕಡೆಯವರು ಕೇಳಿಯೇ ಕೇಳುತ್ತಾರೆ. ಆಗುವುದಾದರೆ ಆಗುತ್ತದೆ ಎನ್ನಲಿ. ಸುಲಿಯುವ ಕೂಲಿ ಎಷ್ಟು, ಹತ್ತುವವರ ಕೂಲಿ ಎಷ್ಟು ಎಂಬುದನ್ನು ತೋಟದವರ ಬಾಯಿಂದ ಹೇಳಿಸಿ. ಅದರ ನಡುವಿನ ಅಂತರವೇ ನಿಮ್ಮ ನಷ್ಟ.

ಎಣ್ಮಕಜೆಯವಳು:
ತುಂಬಾ ಉಪಕಾರವಾಯಿತು. ಅದಾಲತ್ತಿಗೆ ಈಗ ಒಪ್ಪುವುದಿಲ್ಲ ಎಂದು ಇವರೂ ಹೇಳಿದರು. ಇನ್ನೊಂದು ಸಂಶಯ. ತೋಟದ ಧನಿಗಳಿಗೆ ಮಲಯಾಳ ಅಷ್ಟು ಬರುವುದಿಲ್ಲ. ಅಪಘಾತ ಕರ್ನಾಟಕದಲ್ಲಾದ ಕಾರಣ ಎಫ್‌ಐಆರ್ ಕೂಡ ಕನ್ನಡದಲ್ಲೇ ಉಂಟು. ತೊಂದರೆಯಾ?

ಬದಿಯಡ್ಕ ಗುಮಾಸ್ತ:
ಇಲ್ಲ ಅಕ್ಕ. ಅಪಘಾತ ಎಲ್ಲೇ ಆದರೂ ಗಾಯಗೊಂಡವರು ವಾಸ ಇರುವ ಜಾಗದ ಟ್ರಿಬ್ಯೂನಲ್ಲಿನಲ್ಲಿ ಕೇಸು ಹಾಕಬಹುದು, ಮೋಟಾರು ವಾಹನ ಕಾಯ್ದೆಯ 166ನೇ ಸೆಕ್ಷನ್ನಿನಲ್ಲೇ ಅದು ಉಂಟು. ಧನಿಗಳು ಕನ್ನಡದಲ್ಲೇ ಸಾಕ್ಷಿ ಹೇಳಲಿ. ಎಫ್‌ಐಆರ್ ಮತ್ತು ಚಾರ್ಜ್‌ಶೀಟಿನ ಅನುವಾದ ಮಾಡಿಸಿ ಕೊಡಬೇಕಾದೀತು, ಡಾಕ್ಟರ ವಿಚಾರಣೆಗೆ ಮುಂಚೆಯೇ ಅದನ್ನು ಮುಗಿಸಿ.