ಕರೆಂಟ್ ಎಂಜಿನ್ ಬಂದ ಮ್ಯಾಲೂ ರೈಲು ಯಾಕ ಕುಂಟತೈತಿ?

ಬಾಗಲಕೋಟಿ ಪಾಸ್‌ದಾರ:
ವಾರದಾಗ ನಾಕು ದಿನ ಬಾಗಲಕೋಟಿಯಿಂದ ವಿಜಯಪುರಕ್ಕ ರೈಲಿನಾಗ ಹೋಗಾಂವ ನಾನು. ನಮ್ಮಪ್ಪ ಮೀಟರ್‌ಗೇಜ್ ಗಾಡ್ಯಾಗ ಕಣ್ಣಾಗ ಇದ್ದಲಿ ಪುಡಿ ಹೊಡಿಸಿಕೊಂಡು ಹೋಗತಿದ್ದ. ಈಗ ಹಳಿ ಅಗಲ ಆಗೈತಿ, ಮ್ಯಾಲೆ ತಂತಿ ಬಂದೈತಿ. ಆದ್ರ ಆಲಮಟ್ಟಿ ದಾಟಿದ ಮ್ಯಾಲೆ ಒಂದು ಕಡೆ ಎಷ್ಟು ಸಾವಕಾಶ ಹೋಗತೈತಿ ಅಂದ್ರ, ಮೊನ್ನೆ ಕುರಿ ಕಾಯೋ ಹುಡುಗ ನಮ್ಮ ಡಬ್ಬಿ ಜೋಡಿನ ಓಡಿ ಬಂದ. ಸಿಗ್ನಲ್ ಹಸರ, ಎದುರಿಗೆ ಗಾಡೀನೂ ಇಲ್ಲ. ಮತ್ಯಾಕ? ತಿಳದವರು ಹೇಳ್ರಿ.

ಇಂಡಿ ನಿಂಬಿಕಾಯಿ:
ಸಿಂಗಲ್ ಲೈನ್ ತ್ರಾಸ ರೀ. ಹೋಟಗಿ-ಕೂಡಗಿ-ಗದಗ 284 ಕಿ.ಮೀ. ಜೋಡಿ ಹಳಿ ಪೂರಾ ಆಗಲಿ, ಗಾಡಿ ಹಾರತಾವ.

ರಿಟೈರ್ಡ್ ಕೀಮ್ಯಾನ್:
ತಮ್ಮಾ, ಜೋಡಿ ಹಳಿ ಆದ್ರ ಕ್ರಾಸಿಂಗಿಗೆ, ಅಂದ್ರ ಎದುರಿನ ಗಾಡಿ ದಾಟೂತನಕ, ಕಾಯೂದು ತಪ್ಪತೈತಿ. ಇವರು ಕೇಳಿದ್ದು ಬ್ಯಾರೆ, ಅದು ಕಾಷನ್, ಅಂದ್ರ ಹಳಿ ಕಚ್ಚಾ ಇದ್ದಲ್ಲಿ ಸಾವಕಾಶ ಹೋಗ್ರಿ ಅನ್ನೂ ಹುಕುಂ. ಮೂವತ್ತೊಂದು ವರ್ಷ ಹೆಗಲ ಮ್ಯಾಲೆ ಸುತ್ತಿಗಿ, ಪಾನಾ, ಕೆಂಪು ಝಂಡಾ ಹೊತ್ತು ಹಳಿ ನೋಡೀನಿ. ಹೋಗೂ ಮುಂದ ಒಂದು ಹಳಿ, ಬರೂ ಮುಂದ ಇನ್ನೊಂದು.

ನಮ್ಮ ಕಡೆ ಎರಿ ನೆಲ. ಮಳಿಗಾಲದಾಗ ಉಬ್ಬತೈತಿ, ಬ್ಯಾಸಿಗ್ಯಾಗ ಕೈ ಹೋಗೂವಷ್ಟು ಬಿರಕ ಬಿಡತೈತಿ. ಹಳಿ ಕೆಳಗಿನ ಖಡಿ ಮಣ್ಣಾಗ ಇಳೀತೈತಿ, ರಾಡಿ ಮ್ಯಾಲೆ ಬರತೈತಿ. ಗಾಡಿ ಹೋದಾಗ ಸ್ಲೀಪರ್ ಪಿಚಕ್ ಅಂತ ರಾಡಿ ಉಗಳಿತು ಅಂದ್ರ ಅಲ್ಲಿ ರೋಗ ಐತಿ ಅಂತ ತಿಳಕೋರಿ. ಮ್ಯಾಲೆ ಎಂಥಾ ಎಂಜಿನ್ ತಂದ್ರೂ ಅಷ್ಟ. ಆ ಖಡಿ ತಗದು, ಸಾಣಿಗಿ ಹಿಡದು, ಮತ್ತ ತುಂಬಬೇಕು. ತುಂಬಿದ ದಿನ ಗಾಡಿಗೆ ತಾಸಿಗೆ 20 ಕಿ.ಮೀ. ಕಾಷನ್. ಮಷೀನ್ ಬಂದು ಗುದ್ದಿ ಗುದ್ದಿ ಕೂಡಿಸಿದಂಗ 45, ಆಮ್ಯಾಲೆ 75. ಅವಸರ ಮಾಡಿದ್ರ ಹಳಿ ಸೊಟ್ಟ ಆಗತೈತಿ.

ಇನ್ನೊಂದು. ಮೊದಲ 13 ಮೀಟರಿಗೊಂದು ಜೋಡು ಇರತಿತ್ತು, ಅದಕ್ಕ ಆ ದಡಕ್-ದಡಕ್. ಈಗ ಬೆಸದು ಬಿಟ್ಟಾರ, ಸಪ್ಪಳಿಲ್ಲ, ಚಲೋನ. ಆದ್ರ ಚಳಿಗೆ ಹಳಿ ಬಿಗೀತೈತಿ, ಬೆಸಗಿ ಕಚ್ಚಾ ಇದ್ರ ಅಲ್ಲೇ ಸೀಳತೈತಿ. ಹಂಗಾಗಿ ಡಿಸೆಂಬರ್ ರಾತ್ರಿ ನೀವು ರಗ್ಗಿನ್ಯಾಗ ಇದ್ದಾಗ ನಮ್ಮ ಮಂದಿ ಬ್ಯಾಟರಿ ಹಿಡದು ನಡೀತಿರತಾರ. ಮಷೀನ್ ಎಷ್ಟರೆ ಬರಲಿ, ಆ ನಡಿಗಿ ಬಿಡಸಬ್ಯಾಡ್ರಿ ಅಂತೀನಿ ನಾ.

ಮುಧೋಳದ ಬೆಲ್ಲ:
ಕಾಕಾ, ಇವರ ಗಾಡಿ ಕುಂಟಿಕೋತರೆ ಬರತೈತಿ. ಬಾಗಲಕೋಟಿ-ಕುಡಚಿ ಲೈನ್ 2010-11ರ ಬಜೆಟ್‌ನ್ಯಾಗ ಬಂದಾಗ ನಾನು ಪಿಯುಸಿ. ಈಗ ನನ್ನ ಮಗಳು ಸಾಲಿಗೆ ಹೊಂಟಾಳ. ನಮ್ಮೂರಾಗ ಇನ್ನೂ ಸೀಟಿ ಕೇಳಿಲ್ಲ.

ಬಾಗಲಕೋಟಿ ಪಾಸ್‌ದಾರ:
ಕೀಮ್ಯಾನ್ ಕಾಕಾ, ಇವತ್ತ ಬಾಗಲದಾಗ ನಿಂತು ನೋಡಿದೆ. ಎಡಕ್ಕ ಹಳದಿ ಮೂರುಮೂಲಿ ಬೋರ್ಡ್, ಕರೇ ಅಕ್ಷರದಾಗ 45. ಹ್ವಾದ ತಿಂಗಳ 20 ಇತ್ತೇನೊ! ಕುರಿ ಹುಡುಗ ಹಿಂದ ಉಳದ.