ಅಪ್‌ಡೇಟ್: ಅಪ್ಪನ ಹೆಸರು ಅನರ್ಹರ ಪಟ್ಟಿಗೆ ಸೇರಿಸಿದ್ರಲ್ಲ, ಆ ವಿಷಯ

ನಮ್ಮೂರ ಕೃಷಿ ಪತ್ತಿನ ಸಂಘದ ಎಲೆಕ್ಷನ್‌ಗೆ ಅಪ್ಪನಿಗೆ ವೋಟಿಲ್ಲ ಅಂತಿದಾರೆ ಏನ್ ಮಾಡ್ಲಿ ಅಂತ ಕೇಳಿದ್ನಲ್ಲ, ಅದರ ಮುಂದಿನ ಕತೆ. ಮಹಾಸಭೆಗೆ ಬಂದಿಲ್ಲ ಅಂತ 1959ರ ಸಹಕಾರ ಸಂಘಗಳ ಕಾಯ್ದೆಯ 20ನೇ ಸೆಕ್ಷನ್ ತೋರಿಸಿದ್ರು. ಸರಿ, ಸಭೆ ನೋಟಿಸ್ ಕೊಟ್ಟಿದ್ದಕ್ಕೆ ದಾಖಲೆ ತೋರಿಸಿ ಅಂದ್ರೆ ಒಂದು ರಿಜಿಸ್ಟರ್ ತೆಗೆದ್ರು, ಅದ್ರಲ್ಲಿ ಅಪ್ಪನ ಹೆಸರಿನ ಮುಂದೆ ನೀಲಿ ಹೆಬ್ಬೆಟ್ಟು, ನಮ್ಮಪ್ಪ ಯಾವತ್ತೂ ಸಹಿ ಮಾಡೋರು ಕಣ್ರೀ! ನೀವು ಹೇಳಿದ ಹಾಗೇ ಪಟ್ಟಿಯಿಂದ ಬಿಟ್ಟುಹೋದ ಬೇರೆ ರೈತರನ್ನೂ ಸೇರಿಸ್ಕೊಂಡು ಹೈಕೋರ್ಟಲ್ಲಿ ರಿಟ್ ಅರ್ಜಿ ಹಾಕಿದ್ವಿ, ಮಧ್ಯಂತರ ಆದೇಶ (ಕೊನೇ ತೀರ್ಪು ಬರೋವರೆಗಿನ ತಾತ್ಕಾಲಿಕ ಆದೇಶ) ಸಿಕ್ತು, ಅಪ್ಪ ವೋಟ್ ಹಾಕಿದ್ರು. ಆದ್ರೆ ನಮ್ಮ ವೋಟೆಲ್ಲ ಬೇರೆ ಪೆಟ್ಟಿಗೇಲಿ ಸೀಲ್ ಆಗಿದೆ, ಕೋರ್ಟ್ ಹೇಳೋವರೆಗೂ ರಿಸಲ್ಟ್ ಅನೌನ್ಸ್ ಮಾಡೋ ಹಾಗಿಲ್ಲ. ಆಮೇಲೂ ತಕರಾರು ಉಳಿದ್ರೆ 70ನೇ ಸೆಕ್ಷನ್ ಕೆಳಗೆ ಸಹಕಾರ ಇಲಾಖೇಲೇ ಕೇಸ್ ನಡೆಸಬೇಕಂತೆ, ಅದಕ್ಕೂ ರೆಡಿ ಇದೀವಿ. ಆ ರಿಜಿಸ್ಟರ್ ನಕಲು ಲಾಯರ್ ಹತ್ರ ಇದೆ.