ತಡೆಯಾಜ್ಞೆ ಇದ್ದರೂ ಪಾಯ ತೆಗೆದಿದ್ದಾರೆ: ರೂಲ್ 2ಎ ಅರ್ಜಿಯಲ್ಲಿ ಏನೇನು ಸಾಬೀತು ಮಾಡಬೇಕು?

ಜೂನಿಯರ್_ತುಮಕೂರು:
ದಾವೆ ಶಾಶ್ವತ ನಿರ್ಬಂಧಕಾಜ್ಞೆಗೆ. ಶೆಡ್ಯೂಲ್ ಜಾಗದಲ್ಲಿ (ದಾವಾಪತ್ರದ ಪಟ್ಟಿಯಲ್ಲಿ ವಿವರಿಸಿದ ಜಾಗ) ಕಟ್ಟಡ ಕಟ್ಟಬಾರದೆಂದು ಏಕಪಕ್ಷೀಯ (ಪ್ರತಿವಾದಿಯನ್ನು ಕೇಳದೆ ಕೊಟ್ಟ) ತಾತ್ಕಾಲಿಕ ತಡೆಯಾಜ್ಞೆ ಆಗಿದೆ. ಸಮನ್ಸ್ ಇನ್ನೂ ಜಾರಿಯಾಗಿಲ್ಲ, ಆದರೆ ಆದೇಶದ ನಕಲನ್ನು ವಾಟ್ಸಾಪ್‌ನಲ್ಲಿ ಕಳಿಸಿದ್ದು ನೀಲಿ ಟಿಕ್ ಬಂದಿದೆ. ಮರುದಿನವೇ ಪ್ರತಿವಾದಿ ಜೆಸಿಬಿ ತಂದು ಪಾಯ ತೆಗೆಸಿದ್ದಾರೆ. ಠಾಣೆಯವರು ಸಿವಿಲ್ ಮ್ಯಾಟರ್ ಎಂದು ಹಿಂಬರಹ (ದೂರಿಗೆ ಲಿಖಿತ ಉತ್ತರ) ಕೊಟ್ಟರು. ತಡೆಯಾಜ್ಞೆ ಮೀರಿದವರ ಮೇಲೆ ಕ್ರಮಕ್ಕೆಂದು ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) ಆರ್ಡರ್ 39 ರೂಲ್ 2ಎ ಅರ್ಜಿ ಹಾಕಿದರೆ ಪ್ರತಿವಾದಿಯನ್ನು ನೇರ ಜೈಲಿಗೆ ಕಳಿಸುತ್ತಾರಾ?

ಸಿವಿಲ್_ಸೈಡ್:
ನೇರ ಇಲ್ಲ. ಮೊದಲು ಆರ್ಡರ್ ಶೀಟ್‌ನ ಸರ್ಟಿಫೈಡ್ ಕಾಪಿ ತೆಗೆಸಿ ಓದಿ. "ಮುಂದಿನ ದಿನಾಂಕದವರೆಗೆ" ಎಂದು ಕೊಟ್ಟ ಆದೇಶವನ್ನು ಆ ದಿನ ಮುಂದುವರಿಸಿ ಬರೆದಿಲ್ಲದಿದ್ದರೆ, ಅನಂತರದ ಕೆಲಸಕ್ಕೆ ಉಲ್ಲಂಘನೆ ಅನ್ನುವುದು ಕಷ್ಟ. ಎಷ್ಟೋ ಅರ್ಜಿ ಇಲ್ಲೇ ಬೀಳುತ್ತವೆ. ಎರಡನೆಯದು ಒಕ್ಕಣೆ. "ಯಥಾಸ್ಥಿತಿ ಕಾಪಾಡಿ" ಎಂದಷ್ಟೇ ಇದ್ದರೆ ಆ ದಿನ ಸ್ಥಳ ಹೇಗಿತ್ತು ಎಂಬುದನ್ನೇ ನೀವು ಮೊದಲು ತೋರಿಸಬೇಕಾಗುತ್ತದೆ. ನಿಮ್ಮದು "ಕಟ್ಟಬಾರದು" ಎಂದು ಸ್ಪಷ್ಟವಾಗಿದೆ, ಒಳ್ಳೆಯದಾಯಿತು.

ಸಮನ್ಸ್ ಜಾರಿಯಾಗದಿದ್ದರೂ ಆದೇಶ ಗೊತ್ತಿತ್ತು ಎಂದು ಸಾಬೀತಾದರೆ ಸಾಕು. ಆದರೆ ನೀಲಿ ಟಿಕ್ ಒಂದನ್ನೇ ನೆಚ್ಚಬೇಡಿ. ಅದೇ ಆರ್ಡರ್ 39ರ ರೂಲ್ 3ರ ಪ್ರಕಾರ ದಾವಾಪತ್ರ, ಅರ್ಜಿ, ಅಫಿಡವಿಟ್, ದಾಖಲೆಗಳ ನಕಲನ್ನು ತಕ್ಷಣ ಪ್ರತಿವಾದಿಗೆ ಕೊಟ್ಟು ಅಥವಾ ರಿಜಿಸ್ಟರ್ಡ್ ಪೋಸ್ಟ್‌ನಲ್ಲಿ ಕಳಿಸಿ, ಅಂದೇ ಅಥವಾ ಮರುದಿನ ಅಫಿಡವಿಟ್ ಹಾಕಬೇಕಿತ್ತು. ಹಾಕಿದ್ದೀರಾ? ಇಲ್ಲದಿದ್ದರೆ ಪ್ರತಿವಾದಿ ರೂಲ್ 4ರಲ್ಲಿ ಆದೇಶ ತೆರವಿಗೆ ಅದನ್ನೇ ಹಿಡಿಯುತ್ತಾರೆ.

ಮಂಡ್ಯ_ವಕೀಲೆ:
ಇದಕ್ಕೆ ಒಂದು ಮಾತು ಸೇರಿಸುತ್ತೇನೆ. ಆದೇಶ ತಪ್ಪು, ಕೋರ್ಟಿಗೆ ಅಧಿಕಾರವೇ ಇಲ್ಲ ಎಂದು ಪ್ರತಿವಾದಿಗೆ ಅನ್ನಿಸಿದರೂ, ತೆರವಾಗುವವರೆಗೆ ಪಾಲಿಸಲೇಬೇಕು. ತಯ್ಯಬ್‌ಭಾಯಿ ಬಾಗಸರ್‌ವಾಲಾ (1997) ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಇದನ್ನೇ.

ಸಾಬೀತಿನ ಭಾರ ಮಾತ್ರ ಹಗುರವಲ್ಲ. ಬರೀ ಉಲ್ಲಂಘನೆ ಸಾಲದು, ಬೇಕೆಂದೇ ಮಾಡಿದ್ದೆಂದು ತೋರಿಸಬೇಕು (ಯು.ಸಿ. ಸುರೇಂದ್ರನಾಥ್, 2019). ಆದ್ದರಿಂದ ಅಫಿಡವಿಟ್‌ನಲ್ಲಿ "ಆದೇಶ ಉಲ್ಲಂಘಿಸಿದ್ದಾರೆ" ಎಂದು ಒಂದೇ ಸಾಲು ಬರೆಯಬೇಡಿ. ಯಾವ ದಿನ, ಎಷ್ಟು ಗಂಟೆಗೆ, ಶೆಡ್ಯೂಲಿನ ಯಾವ ದಿಕ್ಕಿನಲ್ಲಿ, ಎಷ್ಟು ಉದ್ದ ಅಗಲದ ಪಾಯ, ಯಾರು ನಿಂತು ಮಾಡಿಸಿದರು, ಎಲ್ಲ ಬರಲಿ. ಪ್ರತಿವಾದಿಯ ಆಕ್ಷೇಪಣೆ ಆದಮೇಲೆ ಕೋರ್ಟ್ ಸಾಕ್ಷ್ಯ ದಾಖಲಿಸುತ್ತದೆ. ನಿಮ್ಮ ಕಕ್ಷಿದಾರರು ಪಾಟಿ ಸವಾಲಿಗೆ ನಿಲ್ಲಬೇಕು. ಮೊಬೈಲ್ ಫೋಟೋ, ವಾಟ್ಸಾಪ್ ಹಾಜರುಪಡಿಸುವುದಾದರೆ ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 63(4)ರ ಪ್ರಮಾಣಪತ್ರ ಬೇಕು. ಅದರ ಭಾಗ ಎ ಪಕ್ಷಗಾರರದು, ಭಾಗ ಬಿ ತಜ್ಞರದು. ಹ್ಯಾಶ್ ಮೌಲ್ಯವನ್ನೂ (ಫೈಲ್ ಬದಲಾಗಿಲ್ಲ ಎಂದು ತೋರಿಸುವ ಗುರುತು ಸಂಕೇತ) ಬರೆಯಬೇಕು.

ಪಾಯ ಮುಚ್ಚಿಹೋಗುವ ಮುಂಚೆ ಆರ್ಡರ್ 26 ರೂಲ್ 9ರಲ್ಲಿ ಕೋರ್ಟ್ ಕಮಿಷನರ್ (ಸ್ಥಳ ನೋಡಿ ವರದಿ ಕೊಡಲು ಕೋರ್ಟ್ ನೇಮಿಸುವವರು) ಕೇಳಿ, ಜೊತೆಗೆ ಸರ್ವೇಯರ್ ಇರಲಿ. "ನಾನು ತೆಗೆದದ್ದು ನನ್ನ ಸರ್ವೆ ನಂಬರಿನಲ್ಲಿ" ಎಂಬುದು ಪ್ರತಿವಾದಿಗಳ ಮಾಮೂಲಿ ಉತ್ತರ. ಚಕ್ಕುಬಂದಿ (ಜಾಗದ ನಾಲ್ಕೂ ದಿಕ್ಕಿನ ಗಡಿ) ಅಸ್ಪಷ್ಟವಾಗಿದ್ದರೆ ಅದರ ಲಾಭ ಅವರಿಗೇ ಹೋಗುತ್ತದೆ.

ಸಿವಿಲ್_ಸೈಡ್:
ಶಿಕ್ಷೆಯ ವಿಚಾರ: ಆಸ್ತಿ ಜಪ್ತಿ, ಜೊತೆಗೆ ಹೆಚ್ಚೆಂದರೆ 3 ತಿಂಗಳು ಸಿವಿಲ್ ಜೈಲು. ಜಪ್ತಿ 1 ವರ್ಷ ಮೀರುವಂತಿಲ್ಲ. ಉಲ್ಲಂಘನೆ ಮುಂದುವರಿದರೆ ಆಸ್ತಿ ಮಾರಿ ನೊಂದವರಿಗೆ ಪರಿಹಾರ ಕೊಡಿಸಬಹುದು. ಜಪ್ತಿ ಮೊದಲು, ಜೈಲು ಆಮೇಲೆ ಎಂಬ ಕ್ರಮ ಇಲ್ಲ (ಸಮೀ ಖಾನ್, 1998). ಆದರೆ ನಿಮ್ಮ ಕಕ್ಷಿದಾರರಿಗೆ ನಿಜವಾಗಿ ಬೇಕಿರುವುದು ಪಾಯ ಮುಚ್ಚಿಸುವುದು. ಅದಕ್ಕೆ ಸಿಪಿಸಿ ಕಲಂ 151ರಲ್ಲಿ ಪ್ರತ್ಯೇಕ ಐಎ (ಮಧ್ಯಂತರ ಅರ್ಜಿ) ಹಾಕಿ, ಮೊದಲಿದ್ದ ಸ್ಥಿತಿಗೆ ತರಲು ಕೇಳಿ. ಪೊಲೀಸ್ ರಕ್ಷಣೆಯನ್ನೂ ಅದೇ ಕಲಂನಲ್ಲಿ ಬೇರೆ ಅರ್ಜಿ ಹಾಕಿ ಕೇಳಿ. ಕೋರ್ಟ್ ಆದೇಶ ಕೈಯಲ್ಲಿದ್ದರೆ ಠಾಣೆಯವರು ಹಿಂಬರಹ ಕೊಟ್ಟು ಸಾಗಹಾಕಲಾರರು.

ಜೂನಿಯರ್_ತುಮಕೂರು:
ಧನ್ಯವಾದ ಮೇಡಂ, ಸರ್. ರೂಲ್ 3ರ ಅಫಿಡವಿಟ್ ಮರುದಿನವೇ ಹಾಕಿದ್ದೇವೆ. ದಾವೆ ಡಿಕ್ರಿ ಆದಮೇಲೆ ಮತ್ತೆ ಇದೇ ಕೆಲಸ ಮಾಡಿದರೆ?

ಮಂಡ್ಯ_ವಕೀಲೆ:
ಆಗ 2ಎ ಬರುವುದಿಲ್ಲ, ಆರ್ಡರ್ 21 ರೂಲ್ 32ರಲ್ಲಿ ಅಮಲ್ಜಾರಿ ಅರ್ಜಿ. ಶಾಶ್ವತ ನಿರ್ಬಂಧಕಾಜ್ಞೆಯ ಡಿಕ್ರಿ ಜಾರಿಗೆ ಕಾಲಮಿತಿ ಇಲ್ಲ. ಆದರೆ ಪ್ರತಿ ಹೊಸ ಉಲ್ಲಂಘನೆಯನ್ನೂ ಬೇರೆಯಾಗಿಯೇ ಸಾಬೀತು ಮಾಡಬೇಕು. ಈಗಿನ 2ಎ ಅರ್ಜಿ ವಜಾ ಆದರೆ ಆರ್ಡರ್ 43 ರೂಲ್ 1(ಆರ್) ಅಡಿ ಮೇಲ್ಮನವಿ ಇದೆ.